ಢಾಕಾದಲ್ಲಿ ಕಟಿಂಗ್ ಮಾಸ್ತರ

ಗಜೇಂದ್ರಗಡದ ಗೌಸುಸಾಬ ಢಾಕಾದ ಗಾರ್ಮೆಂಟ್ಸ್ ಕಾರ್ಖಾನೆಯೊಂದರಲ್ಲಿ ಒಂಬತ್ತು ವರ್ಷ ಕಟಿಂಗ್ ಮಾಸ್ತರನಾಗಿದ್ದ. ನೂರು ಪದರ ಬಟ್ಟೆಯನ್ನು ಒಮ್ಮೆಗೇ ಮಷಿನ್ನಿಗೆ ಕೊಟ್ಟು ಅಂಗಿಯ ತೋಳು ಕತ್ತರಿಸುವುದು ಅವನ ಕೆಲಸ. ಆ ಅಂಗಿಗಳನ್ನು ಯಾವ ದೇಶದಲ್ಲಿ ಯಾರು ತೊಡುತ್ತಾರೋ ಅವನಿಗೆ ಗೊತ್ತಿರಲಿಲ್ಲ.

"ನಾ ಯಾರ ಸಲುವಾಗಿ ದುಡ್ಯಾಕತ್ತೇನಿ?" ಎಂದು ಆಗಾಗ ಕಳಕೇಶನನ್ನು ಕೇಳುತ್ತಿದ್ದ. ಕಳಕೇಶ ಅವನ ಊರಿನವನೇ. ಅದೇ ಕಾರ್ಖಾನೆಯಲ್ಲಿ ಮಷಿನ್ ರಿಪೇರಿ ಮಾಡುತ್ತಿದ್ದ. ಇಬ್ಬರದೂ ಒಂದೇ ಖೋಲಿ.

"ಪಗಾರ ಬರ್ತೈತಲ್ರಿ ಮಾಸ್ತರ, ಸುಮ್ನಿರ್ರಿ" ಎನ್ನುತ್ತಿದ್ದ ಕಳಕೇಶ.

2024ರ ಜುಲೈಯಲ್ಲಿ ಸರ್ಕಾರದ ವಿರುದ್ಧ ವಿದ್ಯಾರ್ಥಿಗಳು ಬೀದಿಗಿಳಿದರು. ಗುಂಡುಗಳು ಹಾರಿದವು, ಕರ್ಫ್ಯೂ ಬಿತ್ತು, ಇಂಟರ್ನೆಟ್ ನಿಂತಿತು. ಊರಿನಲ್ಲಿದ್ದ ಹೆಂಡತಿ ಹಸನಬಿಯ ದನಿ ಕೇಳಿ ಮೂರು ದಿನವಾಗಿತ್ತು. ಆ ದಿನ ಬೆಳಿಗ್ಗೆ ಓಣಿಯ ಮಸೀದಿಗೆ ಜಲೀಲ ಚಾಚಾನ ಹೆಣ ತಂದರು. ಓಣಿಯ ತುದಿಯಲ್ಲಿ ಚಹಾ ಮಾರುತ್ತಿದ್ದ ಮುದುಕ. ಅಂಗಡಿ ಮುಚ್ಚುವಾಗ ಎಲ್ಲಿಂದಲೋ ಬಂದ ಗುಂಡು ಅವನಿಗೆ ತಗುಲಿತ್ತು. ಹೆಣಕ್ಕೆ ಹೊದಿಸುವ ಕಫನಿಗೆ ಬಟ್ಟೆ ತರೋಣವೆಂದರೆ ಒಂದು ಅಂಗಡಿಯೂ ತೆರೆದಿರಲಿಲ್ಲ.

ಊರಿಗೆ ಒಯ್ಯಲೆಂದು ಗೌಸುಸಾಬ ಬಿಳಿ ಬಟ್ಟೆ ಕೊಂಡಿಟ್ಟಿದ್ದ. ಅದನ್ನು ಬಗಲಲ್ಲಿ ಹಿಡಿದು ಎದ್ದ.

"ಹೊರಗ ಮಿಲ್ಟ್ರಿ ನಿಂತೈತ್ರಿ. ನಾವು ಪರದೇಶದವ್ರು. ಏನರ ಆದ್ರ ಯಾರ ಕೇಳ್ತಾರ?" ಎಂದ ಕಳಕೇಶ.

"ಒಂಬತ್ತ ವರ್ಷ ಆ ಮನಷ್ಯಾನ ಕೈಯಾಗಿನ ಚಹಾ ಕುಡದೇನಿ."

ಕಳಕೇಶ ಸ್ವಲ್ಪ ಹೊತ್ತು ಬಾಗಿಲಿಗೆ ಅಡ್ಡ ನಿಂತಿದ್ದ. ಆಮೇಲೆ ಚಪ್ಪಲಿ ಮೆಟ್ಟಿಕೊಂಡು ತಾನೂ ಹೊರಟ.

ಮಸೀದಿಯ ಹಿಂದೆ ಗೌಸುಸಾಬ ಚಾಚಾನ ಅಳತೆ ತೆಗೆದ. ಇಷ್ಟು ವರ್ಷಗಳಲ್ಲಿ ಮೊದಲ ಸಲ, ತಾನು ಬಲ್ಲ ಮನುಷ್ಯನಿಗಾಗಿ ಕತ್ತರಿ ಹಿಡಿದಿದ್ದ.

"ಆ ಕಡೀ ತುದಿ ಬಿಗಿ ಹಿಡಿಯಪಾ" ಎಂದ. ಕಳಕೇಶ ಹಿಡಿದ. ಅವನ ಕಣ್ಣೀರು ಬಟ್ಟೆಯ ಮೇಲೆ ಬೀಳುತ್ತಿತ್ತು. ಒರೆಸಿಕೊಳ್ಳಲು ಕೈ ಬಿಡುವಾಗಿರಲಿಲ್ಲ.

ಫೋನು ಮತ್ತೆ ಹತ್ತಿದ ದಿನ ಹಸನಬಿ ಅತ್ತಳು. "ಇದ್ದದ್ರಾಗ ಉಂಡರಾತು, ಲಗೂ ಬಂದುಬಿಡ್ರಿ" ಎಂದಳು. ಕಳಕೇಶ ಆಗಸ್ಟಿನಲ್ಲೇ ಊರು ಸೇರಿದ. ಗೌಸುಸಾಬ ಚಾಚಾನ ನಲವತ್ತನೆಯ ದಿನದ ಕಾರ್ಯ ಮುಗಿಸಿಕೊಂಡು ಬಂದ.

ಈಗ ಗಜೇಂದ್ರಗಡದ ಬಸ್ ನಿಲ್ದಾಣದ ಹತ್ತಿರ ಅಂಗಿ ಹೊಲಿಯುತ್ತಾನೆ. ರಾಜೂರಿನಲ್ಲೋ ಸುತ್ತಲ ಹಳ್ಳಿಗಳಲ್ಲೋ ಜಮಾತಿನವರು ತೀರಿಕೊಂಡರೆ ಕಫನು ಕತ್ತರಿಸಲು ಅವನನ್ನು ಕರೆಯುತ್ತಾರೆ. ಎಷ್ಟೇ ಕೆಲಸವಿರಲಿ, ಎದ್ದು ಹೋಗುತ್ತಾನೆ. ಕಳಕೇಶ ತನ್ನ ಮೋಟರ್ ರಿಪೇರಿ ಅಂಗಡಿಯ ಬಾಗಿಲು ಎಳೆದು, ಅವನನ್ನು ಬೈಕಿನ ಹಿಂದೆ ಕೂಡಿಸಿಕೊಂಡು ಹೋಗುತ್ತಾನೆ.