ಮೆಕ್ಸಿಕೋದ ನಿರ್ದೇಶಕನೂ ಇಸ್ತ್ರಿ ಅಂಗಿಯೂ

ಮೆಕ್ಸಿಕೋದ ಒಬ್ಬ ನಿರ್ದೇಶಕನ ಹೆಸರು ಹೇಳಿಕೊಂಡೇ ನಾನು ಚಿತ್ರದುರ್ಗದ ಸುತ್ತಮುತ್ತ ದೊಡ್ಡ ಮನುಷ್ಯನಾದೆ. ನಮ್ಮ ಸಿನಿಮಾ ಬಳಗದ ಏಳೆಂಟು ಜನರಲ್ಲಿ ಆತನ ಚಿತ್ರಗಳನ್ನು ಪೂರ್ತಿ ನೋಡಿದ್ದವನು ನಾನೊಬ್ಬನೇ. ಉಳಿದವರು ಅರ್ಧಕ್ಕೇ ಎದ್ದು ಟೀ ಕುಡಿಯಲು ಹೋಗಿ, ಅಲ್ಲೇ ನಿಂತು ಜಾಗತಿಕ ಸಿನಿಮಾದ ಬಗ್ಗೆ ಮಾತಾಡುತ್ತಿದ್ದರು.

ಆತನ ಬದುಕು ಭಾಷಣಕ್ಕೆ ಹೇಳಿ ಮಾಡಿಸಿದಂತಿತ್ತು. ಮೊದಲ ಚಿತ್ರ ಗಣಿ ಕಾರ್ಮಿಕರ ಮೇಲೆ. ಅದನ್ನು ಸರ್ಕಾರ ವರ್ಷಗಟ್ಟಲೆ ಡಬ್ಬದಲ್ಲೇ ಕೊಳೆಹಾಕಿತು. ಆಮೇಲೆ ಜಾಹೀರಾತು ತೆಗೆದು ಹೊಟ್ಟೆ ಹೊರೆದುಕೊಂಡು, ಮೆಕ್ಕೆಜೋಳದ ಹೊಲಗಳ ಕೂಲಿಗಳ ಮೇಲೆ ಚಿತ್ರ ಮಾಡಿದ. ಮುಪ್ಪಿನಲ್ಲಿ ಪ್ರಶಸ್ತಿ ಬಂದಾಗ ತೆಗೆದುಕೊಳ್ಳಲು ಹೋಗಲಿಲ್ಲ. ಆ ದಿನ ಯಾವುದೋ ಹಳ್ಳಿಯಲ್ಲಿ ಪರದೆ ಕಟ್ಟುತ್ತಿದ್ದ. ಚಿತ್ರದಲ್ಲಿ ಯಾರಿದ್ದಾರೋ ಅವರೇ ಮೊದಲ ಪ್ರೇಕ್ಷಕರು ಎಂಬುದು ಆತನ ಪದ್ಧತಿ. ಅವರು ಇರಲಿ ಎಂದ ದೃಶ್ಯವಷ್ಟೇ ಚಿತ್ರದಲ್ಲಿ ಉಳಿಯುತ್ತಿತ್ತು. ಈ ಮಾತಿಗೆ ಹೊಸದುರ್ಗದಲ್ಲಿ ಚಪ್ಪಾಳೆ ಬಿತ್ತು. ಕನ್ನಡಕ ತೆಗೆದು ಒರೆಸಿಕೊಳ್ಳುವುದನ್ನೂ ನಾನು ಅಲ್ಲಿಗೇ ಹೊಂದಿಸಿಟ್ಟಿದ್ದೆ.

ಆತನ ದಾರಿ ಹಿಡಿಯುವ ಹುಕಿ ನಮಗೂ ಬಂದು, ಹಿರಿಯೂರು ಹತ್ತಿರದ ಬಬ್ಬೂರಿನ ಸುತ್ತಲಿನ ಕುರಿಗಾಹಿಗಳ ಮೇಲೊಂದು ಸಾಕ್ಷ್ಯಚಿತ್ರ ತೆಗೆದೆವು. ಒಬ್ಬ ಕುರಿಗಾಹಿ ಬಿಳಿ ಅಂಗಿಗೆ ಇಸ್ತ್ರಿ ಹಾಕಿಸಿ, ಹೊಸ ರುಮಾಲು ಸುತ್ತಿ, ಮದುವೆಗೆ ಹೊರಟವನಂತೆ ಹೊಲದ ನಡುವೆ ನಿಂತಿದ್ದ. ಕ್ಯಾಮೆರಾ ಬರುತ್ತದೆಂದರೆ ಈ ಕಡೆಯ ಜನ ಹಾಗೇ. ಹಳೇ ಅಂಗಿ ಹಾಕಿಕೊಂಡು ಬಾ ಎಂದೆ.

"ಹರಕಂಗಿ ದಿನಾ ಇದ್ದಿದ್ದೇ ಸಾರ್, ಇವತ್ತು ಬ್ಯಾಡ" ಎಂದು ನಕ್ಕ. ತನ್ನ ಟಗರಿನ ಬಗ್ಗೆ ಅರ್ಧ ಗಂಟೆ ಸೊಗಸಾಗಿ ಮಾತಾಡಿದ. ಸಂಕಲನಕ್ಕೆ ಕುಳಿತಾಗ, ಇವನಲ್ಲಿ ಬಡತನ ಕಾಣುತ್ತಿಲ್ಲ ಎಂದು ಅವನನ್ನು ಪೂರ್ತಿ ಕಿತ್ತು ಹಾಕಿಸಿದವನು ನಾನೇ. ಅಂಥ ಸೂಕ್ಷ್ಮಮತಿ ನಾನು.

ಮುಂದಿನ ವರ್ಷ ಹಿರಿಯೂರಿನಲ್ಲಿ ನನ್ನ ಭಾಷಣ. ಕುರ್ಚಿ ಖಾಲಿ ಕಾಣಬಾರದೆಂದು ಸಂಘಟಕರು ಬಬ್ಬೂರಿನಿಂದ ಕೂಲಿ ಹೆಂಗಸರನ್ನು ಟೆಂಪೋದಲ್ಲಿ ಕರೆಸಿದ್ದರು. ವೇದಿಕೆ ಇಳಿದಾಗ ಅವರಲ್ಲೊಬ್ಬಳು ಕಾದಿದ್ದಳು. ಆ ಕುರಿಗಾಹಿಯ ಹೆಂಡತಿ. ಗಂಡ ಮಳೆಗಾಲದಲ್ಲಿ ತೀರಿಕೊಂಡಿದ್ದನಂತೆ.

"ಆ ದೇಶದೋನು ಪಿಚ್ಚರ್‌ನಾಗೆ ಇರೋರಿಗೇ ಮೊದ್ಲು ತೋರಿಸ್ತಿದ್ದ ಅಂದ್ರಲ್ಲ ಸಾರ್. ನಮ್ಮ ಯಜಮಾನ್ರದ್ದು ಯಾವತ್ತು ತೋರಿಸ್ತೀರಿ? ಮನ್ಯಾಗೆ ಆಧಾರ್ ಕಾರ್ಡಿನ ಫೋಟೋ ಒಂದೇ ಐತೆ. ಅದ್ರಾಗೆ ಅವರು ಅವರಂಗೇ ಇಲ್ಲ. ಅವರ ಮಾತು ಇನ್ನೊಂದು ಸಲ ಕೇಳ್ಬೇಕು."

ಹುಡುಕುತ್ತೇನಮ್ಮ ಎಂದೆ. ನಿಜಕ್ಕೂ ಹುಡುಕಿದೆ. ಕ್ಯಾಮೆರಾ ಹಿಡಿದಿದ್ದವನನ್ನು ಕೇಳಿದರೆ, ಆ ಚಿತ್ರೀಕರಣದ ಮೆಮೊರಿ ಕಾರ್ಡನ್ನು ಅಳಿಸಿ, ಚಿತ್ರಕ್ಕೆ ಬಹುಮಾನ ಬಂದಾಗ ನಡೆದ ನಮ್ಮ ಸನ್ಮಾನವನ್ನು ಅದರಲ್ಲೇ ತೆಗೆದನಂತೆ. ಅದು ಮಾತ್ರ ಒಂದು ಕ್ಷಣವೂ ಬಿಡದೆ ಇದೆ. ಹಾರ, ಶಾಲು, ಹಣ್ಣಿನ ಬುಟ್ಟಿ, ಬಡವರನ್ನು ನೆನೆದು ಗದ್ಗದಿತನಾದ ನಾನು.

ಬಬ್ಬೂರಿಗೆ ಹೋಗಿ ಇದ್ದದ್ದನ್ನು ಹೇಳಿದೆ. ಆಕೆ ಬೈಯಲಿಲ್ಲ. ಬೈದಿದ್ದರೆ ನನಗೆ ಹಗುರಾಗುತ್ತಿತ್ತು.

"ಆ ಅಂಗಿಗೆ ಇಸ್ತ್ರಿ ಹಾಕ್ಸಾಕೆ ಅಂತ ಹಿರಿಯೂರಿಗಂಟ ನಡಕಂಡು ಹೋಗಿದ್ರು" ಎಂದಳು. ಚಾಪೆ ಹಾಸಿ, "ಕುಂತ್ಕಳ್ರಿ ಸಾರ್, ಟೀ ಕುಡ್ದು ಹೋಗ್ರಿ" ಎಂದಳು.

ಮರುವಾರ ಹೊಳಲ್ಕೆರೆಯಲ್ಲಿ ಅದೇ ಭಾಷಣ. ಗಣಿ, ಡಬ್ಬ, ಮೆಕ್ಕೆಜೋಳದ ಹೊಲ ಎಲ್ಲ ಹೇಳಿದೆ. ಮೊದಲ ಪ್ರೇಕ್ಷಕರ ಮಾತೊಂದನ್ನು ಬಿಟ್ಟೆ. ಭಾಷಣ ಬಹಳ ಅಡಕವಾಗಿತ್ತು ಎಂದು ಮೆಚ್ಚಿ, ಅಲ್ಲಿನ ಸಂಘಟಕರೂ ಒಂದು ಶಾಲು ಹೊದಿಸಿದರು.