ಚೆಲುವಯ್ಯನವರ ಬಂಡಿದಾರಿ ದಾವೆ

ವಿರೂಪಾಕ್ಷಿಪುರದ ಚೆಲುವಯ್ಯನವರಿಗೆ ಆಸ್ತಿಯೆಂದರೆ ಎರಡೇ: ಮೂವತ್ತು ಗುಂಟೆ ಹಿಪ್ಪುನೇರಳೆ ತೋಟ, ಹನ್ನೊಂದು ವರ್ಷದ ಒಂದು ದಾವೆ. ತೋಟಕ್ಕಿಂತ ದಾವೆಗೇ ಅವರ ಆರೈಕೆ ಹೆಚ್ಚು.

ಪಕ್ಕದ ಹೊಲದ ದೇವರಾಜು ಒಂದು ದಿನ ತನ್ನ ಹೊಲದಂಚಿನ ಬಂಡಿದಾರಿಗೆ ಮುಳ್ಳು ಎಳೆದುಬಿಟ್ಟ. ಬಂಡಿ ಹೋಗಲು ಬೇರೆ ದಾರಿಯಿರಲಿಲ್ಲ. ಚೆಲುವಯ್ಯನವರು ಚನ್ನಪಟ್ಟಣದಲ್ಲಿ ದಾವೆ ಹೂಡಿದರು. "ನಮ್ಮಪ್ಪ ಓಡಾಡಿದ ದಾರಿ ನಮ್ದೇ ಅಂತ ಜಡ್ಜು ಬರ್ದು ಕೊಡ್ಬೇಕು, ಅಷ್ಟೇಯ" ಎನ್ನುತ್ತಿದ್ದರು.

ನ್ಯಾಯಾಲಯ ಅವಸರದ ಸ್ವಭಾವದ್ದಲ್ಲ. ವಾಯಿದೆಯ ದಿನ ವಾದಿ, ಪ್ರತಿವಾದಿ ಇಬ್ಬರೂ ಒಂದೇ ಬಸ್ಸಿನಲ್ಲಿ ಹೋಗಿ, ಒಂದೇ ಹೋಟೆಲಿನಲ್ಲಿ ತಟ್ಟೆ ಇಡ್ಲಿ ತಿಂದು, ಮುಂದಿನ ತಾರೀಖು ಬರೆದುಕೊಂಡು ಮರಳುತ್ತಿದ್ದರು. ಮೂವರು ನ್ಯಾಯಾಧೀಶರಿಗೆ ವರ್ಗವಾಯಿತು. ಚೆಲುವಯ್ಯನವರ ಬಂಡಿಯೇ ಮಾರಾಟವಾಗಿ ಹೆದ್ದಾರಿ ಬದಿಯ ಹೋಟೆಲೊಂದರ ಮುಂದೆ, ಜನ ಫೋಟೊ ತೆಗೆಸಿಕೊಳ್ಳುವ ಅಲಂಕಾರವಾಯಿತು. ಹೆಂಡತಿ ಅಂಬುಜಮ್ಮ ಮಾತ್ರ ಸೊಪ್ಪಿನ ಹೊರೆ ಹೊತ್ತು ಹಳ್ಳ ಇಳಿದು ಹತ್ತುತ್ತಲೇ ಇದ್ದರು.

ಇಷ್ಟು ಸೊಗಸಾಗಿ ನಡೆಯುತ್ತಿದ್ದ ದಾವೆಯನ್ನು ಕೆಡಿಸಿದ್ದು ಪಂಚಾಯಿತಿ. ಹಳ್ಳಕ್ಕೆ ಮೋರಿ ಕಟ್ಟಿ, ಚೆಲುವಯ್ಯನವರ ತೋಟದ ಅಂಚಿಗೇ ಸಿಮೆಂಟ್ ರಸ್ತೆ ತಂದುಬಿಟ್ಟಿತು!

ಮುಂದಿನ ವಾಯಿದೆಗೆ ದೇವರಾಜುವಿನ ವಕೀಲರು ಒಂದು ಕಾಗದ ಎತ್ತಿ ಹಿಡಿದರು. ಏಳು ವರ್ಷದ ಹಿಂದೆ ಗ್ರಾಮಸಭೆಯಲ್ಲಿ ಆ ರಸ್ತೆ ಬೇಕೆಂದು ಕೊಟ್ಟ ಮನವಿ. ಮೊದಲ ಸಹಿ ಚೆಲುವಯ್ಯನವರದೇ. ಅರ್ಜಿಯೆಂದರೆ ರಾಗಿಯಂತೆ, ಕಂಡಲ್ಲೆಲ್ಲ ಚೆಲ್ಲಬೇಕು, ಎಲ್ಲಾದರೂ ಮೊಳೆತೀತು ಎಂಬುದು ನಮ್ಮ ಸೀಮೆಯ ನಂಬಿಕೆ. ಪಾಪ, ಇವರದು ತಪ್ಪು ಕಡೆ ಮೊಳೆಯಿತು.

"ಈಗ ತೋಟಕ್ಕೆ ರಸ್ತೆ ಇದೆಯೇನ್ರೀ?" ನ್ಯಾಯಾಧೀಶರು ಕೇಳಿದರು.

"ಐತೆ ಸ್ವಾಮಿ."

"ಮತ್ತೆ ದಾವೆ ಯಾಕೆ?"

"ರಸ್ತೆ ಐತೆ. ಯಾರ್ದು ಸರಿ, ಯಾರ್ದು ತಪ್ಪು ಅನ್ನೋದು ಹಂಗೇ ಐತಲ್ಲ?"

ಅದನ್ನು ತೀರ್ಮಾನಿಸಲು ನ್ಯಾಯಾಧೀಶರಿಗೆ ಸಮಯವಿರಲಿಲ್ಲ. ದಾವೆ ಇನ್ನು ಅನಗತ್ಯವೆಂದು ಎರಡು ಸಾಲು ಬರೆಸಿ ಮುಗಿಸಿದರು. ಆ ಎರಡು ಸಾಲಿನಲ್ಲಿ ಚೆಲುವಯ್ಯನವರ ಅಪ್ಪನ ಮಾತೇ ಇರಲಿಲ್ಲ.

ಹಿಂದಿರುಗುವ ಬಸ್ಸಿನಲ್ಲಿ ದೇವರಾಜು ಎಂದಿನಂತೆ ಪಕ್ಕದಲ್ಲೇ ಕುಳಿತ. "ಬೇಜಾರ್ ಮಾಡ್ಕಬ್ಯಾಡ ಕಣಣ್ಣ. ನಾಳೇನೇ ದಾರಿ ಬುಡ್ಸ್ತೀನಿ. ನಮ್ಮೊಲದ್ ಮೇಲೇ ಓಡಾಡ್ಕೊ, ನಾನೇ ಯೋಳ್ತಾ ಇವ್ನಿ."

ಹನ್ನೊಂದು ವರ್ಷದಲ್ಲಿ ಬಾರದ ಸಿಟ್ಟು ಚೆಲುವಯ್ಯನವರಿಗೆ ಈಗ ಬಂತು. "ಓಡಾಡ್ಕೊ ಅನ್ನಕ್ಕೆ ನೀನ್ಯಾರ್ಲಾ? ನಮ್ಮಪ್ಪನ ದಾರಿಗೆ ನಿನ್ನ ಅಪ್ಪಣೆ ಏನ್ಲಾ?"

ಮನೆಯಲ್ಲಿ ಅಂಬುಜಮ್ಮ ಹಿಗ್ಗಿದರು. "ಅತ್ಲಾಗೂ ದಾರಿ, ಇತ್ಲಾಗೂ ದಾರಿ. ಇನ್ನಾರಾ ಒಸಿ ಸುಮ್ಕಿರಿ."

ಸೋಮವಾರ ಬೆಳಗ್ಗೆ ಚೆಲುವಯ್ಯನವರು ವಕೀಲರ ಮುಂದೆ ಕುಳಿತಿದ್ದರು. ಹೊಸ ಅರ್ಜಿ ಬರೆಯಬೇಕಿತ್ತು.

"ಅವರು ದಾರಿ ಬಿಟ್ಟಾಯಿತಲ್ಲ ಯಜಮಾನ್ರೇ, ತೊಂದರೆ ಏನೆಂದು ಬರೆಯಲಿ?" ಎಂದರು ವಕೀಲರು.

"ಬುಟ್ಟವ್ನಲ್ಲಾ, ಅದೇ ತೊಂದ್ರೆ ಸ್ವಾಮಿ," ಎಂದರು ಚೆಲುವಯ್ಯನವರು, "ಅದನ್ನೇ ಬರೀರಿ."