ಬೀದಿಯನ್ನೇ ಉಟ್ಟುಕೊಂಡವಳು

ಮನೆಯಲ್ಲಿ ಅವಳಿಗೆ ಗಿರಗಿಟ್ಲೆ ಎಂದೇ ಹೆಸರು. ಕೂತಲ್ಲಿ ಕೂರುವ ಜಾಯಮಾನವೇ ಅವಳದಲ್ಲ. ಚಿತ್ರಕಲೆ ಕಲಿಯಲು ಹೋಗಿ ಕುಂಚ ಹಿಡಿದೇ ಕುಣಿದಳು. ನೃತ್ಯ ಕಲಿಯಲು ಹೋಗಿ ಗುರುಗಳ ಗೋಡೆ ತುಂಬ ಚಿತ್ರ ಬರೆದಳು. ಎರಡೂ ಕಡೆ ಬಾಗಿಲು ತೋರಿಸಿದರು.

"ನೀನು ಬರೆಯೋಳಾ, ಕುಣಿಯೋಳಾ, ಹಾಡೋಳಾ? ಕೇಳಿದೋರಿಗೆ ನಾನೇನು ಹೇಳ್ಲಿ?" ಎಂದು ಅಕ್ಕ ತಲೆ ಚಚ್ಚಿಕೊಂಡಳು.

"ಕೇಳಿದೋರನ್ನ ನನ್ನ ಹತ್ರಾನೇ ಕಳ್ಸು. ಮೂರನ್ನೂ ಒಟ್ಟಿಗೇ ಮಾಡಿ ತೋರಿಸ್ತೀನಿ."

ಅಕ್ಕ ದರ್ಜಿ. ಅವಳ ಮನೆಯ ಮಹಡಿಯಲ್ಲಿ ಗಿರಗಿಟ್ಲೆ ನಾಟಕದವರ ಉಡುಪುಗಳಿಗೆ ಬಣ್ಣ ಹಾಕಿ ಹೊಟ್ಟೆ ಹೊರೆಯುತ್ತಿದ್ದಳು. ಅಲ್ಲಿಂದ ನೋಡಿದರೆ ಬೀದಿಯ ಕಿಟಕಿಗಳೆಲ್ಲ ಕಾಣುತ್ತಿದ್ದವು. ಒಂದು ದಿನ ಅವಳಿಗೆ ಹುಚ್ಚು ಹತ್ತಿತು: ಅಷ್ಟೂ ಕಿಟಕಿಗಳನ್ನು ಒಂದು ಲಂಗದ ಮೇಲೆ ಬರೆಯಬೇಕು. ಅದನ್ನುಟ್ಟು ಗಿರಗಿರ ತಿರುಗುತ್ತ, ಎದುರಿಗೆ ಬಂದ ಕಿಟಕಿಗೆ ತಕ್ಕ ಹಾಡು ಕಟ್ಟಿ ಹಾಡಬೇಕು.

ಅಕ್ಕ ಬೈಯುತ್ತಲೇ ಹಳೆಯ ಪರದೆಗಳನ್ನು ಕೂಡಿಸಿ ಲಂಗ ಹೊಲಿದಳು. ಗಿರಗಿಟ್ಲೆ ಅದರ ತುಂಬ ಕಿಟಕಿಗಳನ್ನೂ ಅವುಗಳೊಳಗೆ ಕಂಡವರನ್ನೂ ಬರೆದಳು. ಬಸ್ಸು ರಿಪೇರಿ ಮಾಡುವ ಭಾವ, ಪ್ಲಾಸ್ಟಿಕ್ ಪೈಪು ಬಗ್ಗಿಸಿ ಲಂಗದ ಅಂಚಿಗೆ ದೊಡ್ಡ ಬಳೆಯಂತೆ ಕೂರಿಸಿದ. ಪ್ರದರ್ಶನದ ದಿನ ಮೂವರೂ ಇರುವೆಗಳು ಜಿರಳೆ ಹೊತ್ತಂತೆ ಅದನ್ನು ಹೊತ್ತು, ಬೀದಿಯ ತುದಿಯ ಸಭಾಂಗಣಕ್ಕೆ ಒಯ್ದರು.

ಲಂಗ ಬಾಗಿಲಲ್ಲಿ ಸಿಕ್ಕಿಕೊಂಡಿತು. ಓರೆ ಮಾಡಿದರೂ ಇಲ್ಲ, ನೂಕಿದರೂ ಇಲ್ಲ.

"ವೇದಿಕೆ ಅಳ್ದಿದ್ದೆ ಕಣೇ, ಬಾಗಿಲು ಮರ್ತೇಹೋಯ್ತು," ಎಂದ ಭಾವ.

"ಕೈಗೆ ಬಂದ ತುತ್ತು!" ಎಂದು ಅಕ್ಕ ಗೋಳಾಡಿದಳು.

ಗಿರಗಿಟ್ಲೆಗೆ ಮಾತ್ರ ನಗು ತಡೆಯಲಿಲ್ಲ. ಲಂಗವನ್ನು ಬಾಗಿಲಿಂದ ಹೊರಗೆಳೆದು, ರಸ್ತೆಯ ನಡುವೆಯೇ ಅದರೊಳಗೆ ಇಳಿದು, ಹಾಡುತ್ತ ತಿರುಗತೊಡಗಿದಳು. ಬಸ್ಸು ನಿಂತಿತು. ಜನ ಸೇರಿದರು.

"ಅಯ್ಯೋ, ಅದು ನನ್ನಂಗಡಿ! ನಿಲ್ಸಮ್ಮ, ಸರಿಯಾಗಿ ನೋಡ್ತೀನಿ!" ಎಂದ ಕ್ಷೌರಿಕ.

ನಿಲ್ಲುವುದು ಎಲ್ಲಿಂದ ಬಂತು? ತನ್ನ ಕಿಟಕಿಯ ಹಿಂದೆ ಅವನೇ ಓಡಿದ, ಕತ್ತರಿ ಕೈಯಲ್ಲೇ ಇತ್ತು. ಅವನ ಹಿಂದೆ ಬೇಕರಿಯವಳು, ಅವಳ ಹಿಂದೆ ಹಲ್ಲಿನ ಡಾಕ್ಟರು. ಗದರಿಸಲು ಹೊರಬಂದ ಸಭಾಂಗಣದ ಮ್ಯಾನೇಜರ್, ಬಾಯಿ ತೆರೆದು ಮೇಜಿನ ಮೇಲೆ ಒರಗಿದ್ದ ತನ್ನನ್ನೇ ಲಂಗದಲ್ಲಿ ಕಂಡು ಅದರ ಬೆನ್ನು ಹತ್ತಿದರು.

"ನಾನ್ಯಾವಾಗ್ರೀ ನಿದ್ದೆ ಮಾಡಿದ್ದೆ?"

"ದಿನಾ!" ಎಂದಿತು ಇಡೀ ಬೀದಿ.

ಕೊನೆಗೆ ಪೈಪು ಕೂಡಿದ್ದ ಕಡೆ ಪಟ್ಟೆಂದು ಬಿಚ್ಚಿಕೊಂಡಿತು. ಲಂಗ ಮುದುಡಿತು, ಗಿರಗಿಟ್ಲೆ ಧೊಪ್ಪನೆ ಕೂತಳು, ಓಡುತ್ತಿದ್ದವರೆಲ್ಲ ತಲೆ ತಿರುಗಿ ಒಬ್ಬರ ಮೇಲೊಬ್ಬರು ಬಿದ್ದರು. ಹೊಲಿಗೆ ಯಂತ್ರ ಬಿಟ್ಟು ಎಂದೂ ಏಳದ ಅಕ್ಕ, ಮುಡಿ ಬಿಚ್ಚಿದ್ದನ್ನೂ ಲೆಕ್ಕಿಸದೆ, ನಡುರಸ್ತೆಯಲ್ಲಿ ಕೂತು ಕಣ್ಣಲ್ಲಿ ನೀರು ಬರುವಂತೆ ನಕ್ಕಳು.

ಆಮೇಲೆ ಬೇರೆ ಬೀದಿಗಳಿಂದಲೂ ಕರೆ ಬಂತು. ಒಂದೊಂದು ಬೀದಿಗೂ ಹೊಸ ಲಂಗ. ಅಕ್ಕ ಮೊದಲೇ ಹೋಗಿ, "ನನ್ನ ತಂಗಿ ಬರ್ತಾಳೆ, ನೀವು ಹೇಗಿದೀರೋ ಹಾಗೇ ಇರಿ" ಎಂದು ಹೇಳಿ ಬರುತ್ತಾಳೆ. ಯಾರು ಕೇಳುತ್ತಾರೆ? ಗಂಡಸರೆಲ್ಲ ದಪ್ಪ ದಪ್ಪ ಪುಸ್ತಕ ಹಿಡಿದು ಕಿಟಕಿಯಲ್ಲಿ ಗಂಭೀರವಾಗಿ ಕೂರುತ್ತಾರೆ. ಪುಸ್ತಕ ತಲೆಕೆಳಗಾಗಿದ್ದರೆ ಗಿರಗಿಟ್ಲೆ ಅದನ್ನೂ ಹಾಗೆಯೇ ಬರೆಯುತ್ತಾಳೆ.